ಹೊಸ್ತಿಲಿಗೆ ಸಾವಿರ ತುಳಿತ

ಹೆರೆದ ಮರದ ಸಿಪ್ಪೆ ಮತ್ತು ಬಿಸಿ ಅಂಟಿನ ವಾಸನೆ ಮೂಗಿಗೆ ಬಿದ್ದರೆ ನಾನು ಈಗಲೂ ಏಳು ವರ್ಷದವಳಾಗಿಬಿಡುತ್ತೇನೆ. ಅಕ್ಕ ತನ್ನ ಮೊದಲ ಮಾಯಾಬಾಗಿಲು ಮಾಡಿದ ದಿನ ನಮ್ಮ ಮನೆಯೆಲ್ಲ ಆ ವಾಸನೆಯೇ. ಅವಳಿಗಾಗ ಹನ್ನೆರಡು. ಅಟ್ಟದಲ್ಲಿ ಹೊಸ್ತಿಲು ದಾಟಿದರೆ ನೇರ ಶಾಲೆಯ ಹಿಂದಿನ ಮೆಟ್ಟಿಲು. ಅಮ್ಮ ಬೆರಗಾಗಲೇ ಇಲ್ಲ. “ಬಾಗಿಲು ಮಾಡಿದ್ದೆಲ್ಲ ಸರಿ ಕಣೇ, ಚಪ್ಪಲಿ ಯಾಕೆ ಆ ಕಡೆನೇ ಬಿಟ್ಟು ಬಂದೆ?” ಎಂದು ಗದರಿದಳು, ಅಷ್ಟೆ.

ಅಕ್ಕ ಮುಂದೆ ವಾಸ್ತುಶಿಲ್ಪ ಓದಿದಳು. ಜೊತೆಯವರು ಮಹಡಿಯ ಮೇಲೆ ಮಹಡಿ ಕಟ್ಟಿದರು, ಅಕ್ಕ ಬರೀ ಬಾಗಿಲು ಕಟ್ಟಿದಳು. ದೀಪಸ್ತಂಭ ಕಾಯುವವನ ಕೋಣೆಯಿಂದ ಅವನ ಹೆಂಡತಿಯ ಅಂಗಡಿಗೆ ಒಂದು. ಬೇರೆ ಬೇರೆ ಊರಲ್ಲಿ ಕೆಲಸ ಸಿಕ್ಕಿದ ಅವಳಿ ಸೋದರಿಯರ ಅಡುಗೆಮನೆಗಳ ನಡುವೆ ಒಂದು. ಹೀಗೆ ನಲವತ್ತು ವರ್ಷದಲ್ಲಿ ನೂರರ ಮೇಲಾದವು. ಅಳತೆಪಟ್ಟಿಯ ಇನ್ನೊಂದು ತುದಿ ಹಿಡಿಯಲು ಯಾರಾದರೂ ಬೇಕಲ್ಲ, ಅದು ನಾನು.

ಕೆಲಸದ ಕ್ರಮ ಹೇಳಲು ಸುಲಭ. ಒಂದೇ ಮರದಿಂದ ಎರಡು ಚೌಕಟ್ಟು ಮಾಡಿ ಎರಡು ಕಡೆ ನಿಲ್ಲಿಸಬೇಕು. ಆಮೇಲೆ ಎರಡೂ ಹೊಸ್ತಿಲನ್ನು ಸಾವಿರ ಸಲ ತುಳಿದು ಪಳಗಿಸಬೇಕು. ಹೊಸ ಹೊಸ್ತಿಲು ಹೊಸ ಚಪ್ಪಲಿಯ ಹಾಗೆ, ಕಾಲಿನ ಗುರುತು ಹತ್ತುವ ತನಕ ಮಾತು ಕೇಳುವುದಿಲ್ಲ.

ಕಳೆದ ವರ್ಷ ಒಬ್ಬ ದರ್ಜಿ ಹೆಂಗಸು ನಮ್ಮನ್ನು ಹುಡುಕಿಕೊಂಡು ಬಂದಳು. ಅವಳ ಅಪ್ಪನೂ ದರ್ಜಿ. ಕಾಲಿನ ಬಲ ಹೋಗಿ, ಬೆಟ್ಟಗಳಾಚೆಯ ಆಸ್ಪತ್ರೆಯಲ್ಲಿದ್ದರು. ಹೋಗಲು ರೈಲಿನಲ್ಲಿ ಒಂದು ದಿನ, ಬರಲು ಒಂದು ದಿನ. ವರ್ಷದಲ್ಲಿ ಮೂರೇ ಸಲ ನೋಡಿಬಂದಿದ್ದಳು.

“ಹೋದಾಗೆಲ್ಲ ನನ್ನ ಮುಖ ನೋಡಿ ಸ್ವಲ್ಪ ಹೊತ್ತು ಯೋಚನೆ ಮಾಡ್ತಾರಮ್ಮ,” ಎಂದಳು. “ಸಲದಿಂದ ಸಲಕ್ಕೆ ಆ ಹೊತ್ತು ಜಾಸ್ತಿ ಆಗ್ತಿದೆ. ಮುಂದಿನ ಸಲ ಗುರುತೇ ಸಿಗದಿದ್ರೆ?”

ಅಕ್ಕ ಅಂದೇ ಮರ ಆರಿಸಿದಳು.

ಆಸ್ಪತ್ರೆಯ ಮೇಟ್ರನ್, ದರ್ಜಿಯ ಅಪ್ಪನ ಮಂಚದ ಪಕ್ಕ ನಾವು ಚೌಕಟ್ಟು ಕೂರಿಸಿದ ಗೋಡೆ ತೋರಿಸಿ, “ಗುರುವಾರ ಸಂಜೆ ಐದಕ್ಕೆ ಗಾರೆಯವರು ಬರ್ತಾರೆ. ಬಾಗಿಲು ತೆರೆದ್ರೆ ಇರ್ಲಿ, ಇಲ್ಲಾಂದ್ರೆ ಮುಚ್ಚಿಸಿಬಿಡ್ತೀನಿ. ನನ್ನ ವಾರ್ಡಲ್ಲಿ ಸುಳ್ಳು ಬಾಗಿಲು ಬೇಡ,” ಎಂದರು.

ಮಗಳು ತನ್ನ ಅಂಗಡಿಯ ಹೊಸ್ತಿಲನ್ನು ಮೂರೇ ದಿನದಲ್ಲಿ ತುಳಿದು ಮುಗಿಸಿದಳು. ಅಪ್ಪ ಕೂರಬಲ್ಲರು, ನಿಲ್ಲಲಾರರು. ಅದಕ್ಕೆ ವಾರ್ಡಿನ ಮೂವರು ನರ್ಸುಗಳು, ಯಾರೂ ಕೇಳದಿದ್ದರೂ, ದಿನಾ ಕೆಲಸ ಮುಗಿದ ಮೇಲೆ ನಿಂತು ತುಳಿದರು. ಒಬ್ಬಾಕೆಯ ಪಾದ ಬಾತಿತ್ತು. ಶೂ ಬಿಚ್ಚಿ ಕೈಯಲ್ಲಿ ಹಿಡಿದು ತುಳಿದಳು.

ಗುರುವಾರ ಮಧ್ಯಾಹ್ನ ಎರಡಕ್ಕೆ ಅಕ್ಕ ವಾರ್ಡಿನ ಕಡೆಯ ಬಾಗಿಲಿನ ಹಿಡಿ ತಿರುಗಿಸಿದಳು. ಆ ಕಡೆ ಯಾವುದೋ ಅಡುಗೆಮನೆ. ಒಬ್ಬ ಗಂಡಸು ಬನಿಯನ್‌ನಲ್ಲಿ ಈರುಳ್ಳಿ ಹೆಚ್ಚುತ್ತಿದ್ದ.

“ಅರೆ, ಇಷ್ಟು ಬೇಗ ಬಂದ್ಯಾ?” ಎಂದ, ನಮ್ಮ ಹಿಂದೆ ನಿಂತಿದ್ದ ನರ್ಸನ್ನು ನೋಡಿ.

“ಅಂಗಿ ಹಾಕ್ಕೊಳ್ರೀ ಮೊದ್ಲು! ಇಡೀ ವಾರ್ಡು ನೋಡ್ತಿದೆ!”

ಅಕ್ಕ ಬಾಗಿಲು ಮುಚ್ಚಿ ಮತ್ತೆ ತೆರೆದಳು. ಈ ಸಲ ಒಂದು ಮಲಗುವ ಕೋಣೆ. ಹಾಸಿಗೆಯ ನಡುಮಧ್ಯೆ ದಪ್ಪ ನಾಯಿಯೊಂದು ಕಾಲು ಚಾಚಿ ಗೊರಕೆ ಹೊಡೆಯುತ್ತಿತ್ತು. “ಅಯ್ಯೋ, ನಮ್ಮನೇದು!” ಎಂದಳು ಎರಡನೆಯ ನರ್ಸ್. “ನಾಯಿ ಹಾಸಿಗೆ ಹತ್ತೋದೇ ಇಲ್ಲ ಅಂತ ನಮ್ಮತ್ತೆ ಆಣೆ ಮಾಡಿದ್ರು!” ರೋಗಿಗಳೆಲ್ಲ ಹೊಟ್ಟೆ ಹಿಡಿದು ನಕ್ಕರು.

ಅಷ್ಟರಲ್ಲಿ ಮಗಳ ಫೋನು. “ಏನಾಯ್ತಮ್ಮ? ಇಲ್ಲಿ ಬರೀ ಗೋಡೆ ಕಾಣ್ತಿದೆ.” ನಗು ನಿಂತುಹೋಯಿತು.

ಅಕ್ಕ ಸ್ಟೂಲಿನ ಮೇಲೆ ಕುಳಿತಳು. “ತಪ್ಪು ನಂದೇ. ಬಾಗಿಲಿನ ಒಡೆಯರನ್ನ ಬಿಟ್ಟು ಇನ್ಯಾರಿಂದಲೂ ಹೊಸ್ತಿಲು ತುಳಿಸಿದವಳಲ್ಲ ನಾನು. ಈ ಸಲ, ಕಾಲು ಯಾರದಾದ್ರೇನು ಅಂದ್ಕೊಂಡೆ. ಡ್ಯೂಟಿ ಮುಗಿಸಿದ ಕಾಲಿಗೆ ಮನೆ ಬಿಟ್ಟು ಬೇರೇನು ನೆನಪಿರುತ್ತೆ? ಹೊಸ್ತಿಲು ಅದನ್ನೇ ಕಲಿತಿದೆ.”

ನರ್ಸುಗಳು ತಲೆ ತಗ್ಗಿಸಿದರು. ಅಕ್ಕ ಬಾತ ಪಾದದವಳ ಕೈ ಹಿಡಿದು, “ನಿಮ್ಮ ತಪ್ಪೇನೂ ಇಲ್ಲ ತಾಯಿ. ಮನೆಗೆ ಹೋಗೋ ಆಸೇನ ತಡೆದು ನಿಂತು ತುಳಿದಿರಲ್ಲ,” ಎಂದಳು.

“ಈಗ ಇವರೇ ತುಳೀಬೇಕು ಅಂತೀರಾ? ನಿಲ್ಲೋಕೇ ಆಗಲ್ವಲ್ಲ,” ಎಂದರು ಮೇಟ್ರನ್.

ಮಂಚದ ಮೇಲಿಂದ ಅಪ್ಪ ಕೆಮ್ಮಿದರು. “ನಿಂತೇ ತುಳೀಬೇಕು ಅಂತ ಕಾನೂನು ಇದ್ಯಾ? ಐವತ್ತು ವರ್ಷ ಕೂತೇ ತುಳಿದವನಮ್ಮ ನಾನು.”

ಅಕ್ಕ ಒಂದು ಕ್ಷಣ ಅವರನ್ನೇ ನೋಡಿ, ಸ್ಕ್ರೂ ಬಿಚ್ಚಲು ಧಾವಿಸಿದಳು. ಹೊಸ್ತಿಲ ಹಲಗೆಯನ್ನು ಕಿತ್ತು, ನರ್ಸುಗಳ ಕಾಲಿನ ಗುರುತು ಹೋಗುವಂತೆ ಮೇಲ್ಪದರ ಹೆರೆದು, ಅಡಿಯಲ್ಲಿ ನಡುವೆ ದುಂಡು ಕೋಲಿಟ್ಟು, ಮಂಚದ ಅಂಚಿಗೆ ಕೂರಿಸಿದ ಅಪ್ಪನ ಕಾಲಡಿಗೆ ಹಾಕಿದಳು, ಥೇಟ್ ಹೊಲಿಗೆ ಯಂತ್ರದ ಪೆಡಲಿನ ಹಾಗೆ. ಅಪ್ಪ ಬರಿಗಾಲು ಅದರ ಮೇಲಿಟ್ಟರು. ಮೊದಮೊದಲು ಹಲಗೆ ಅಲುಗಲೇ ಇಲ್ಲ. ಆಮೇಲೆ ಬೆರಳು, ಹಿಮ್ಮಡಿ, ಬೆರಳು, ಹಿಮ್ಮಡಿ. ಕಾಲಿಗೆ ಹಳೆಯ ಲಯ ನೆನಪಾಯಿತು.

ನರ್ಸುಗಳು ಸರದಿಯಂತೆ ಎಣಿಸಿದರು. ನಾನೂರಕ್ಕೆ ಅಪ್ಪನ ಮೀನಖಂಡ ಹಿಡಿದುಕೊಂಡಾಗ ಒಬ್ಬಾಕೆ ನೆಲದ ಮೇಲೆ ಕೂತು ತಿಕ್ಕಿದಳು. ಮೇಟ್ರನ್ ಬೆನ್ನಿಗೊಂದು ದಿಂಬು ಕೊಟ್ಟರು. ಗಾರೆಯವನು ನಾಲ್ಕೂವರೆಗೇ ಬಂದ. ವಿಷಯ ಕೇಳಿ ಬಕೆಟ್ ಕೆಳಗಿಟ್ಟು, “ಏಳ್ನೂರ ಹದಿನಾಲ್ಕು!” ಎಂದು ತಾನೂ ದನಿ ಸೇರಿಸಿದ.

ಅಪ್ಪ ಕಣ್ಣು ಮುಚ್ಚಿ ನಗುತ್ತಿದ್ದರು.

“ಏನು ಯೋಚನೆ ಮಾಡ್ತಿದೀರಿ?” ಎಂದಳು ಅಕ್ಕ.

“ಮಗಳಿಗೆ ಶಾಲೆಗೆ ಫ್ರಾಕ್ ಹೊಲೀತಿದೀನಿ. ಮಾತಾಡಿಸ್ಬೇಡಿ, ಅಂಚು ಡೊಂಕಾಗುತ್ತೆ.”

ಐದಕ್ಕೆ ನಾಲ್ಕು ನಿಮಿಷವಿರುವಾಗ ಸಾವಿರ ತುಂಬಿತು. ಅಕ್ಕ ಹಲಗೆಯನ್ನು ಚೌಕಟ್ಟಿಗೆ ಮರಳಿ ಕೂರಿಸಿದಳು. ನಾನು ಸ್ಕ್ರೂ ಹಿಡಿದೆ, ಅವಳು ಬಿಗಿದಳು. ಹಿಡಿ ತಿರುಗಿಸಿದಳು.

ಬಟ್ಟೆಯ ತುಂಡುಗಳು, ಕಿಟಕಿಯ ಬಳಿ ಹೊಲಿಗೆ ಯಂತ್ರ, ಕೊರಳಲ್ಲಿ ಟೇಪು ನೇತುಹಾಕಿಕೊಂಡ ಮಗಳು. ಅವಳು ಆ ಕಡೆಯೇ ನಿಂತುಬಿಟ್ಟಳು. ಅಪ್ಪ ಅವಳ ಮುಖ ನೋಡಿದರು. ನೋಡುತ್ತಲೇ ಇದ್ದರು.

“ಪುಟ್ಟೀ,” ಎಂದರು ಕೊನೆಗೆ, “ಮೆಷೀನಿಗೆ ದಾರಾನೇ ಹಾಕಿಲ್ವಲ್ಲೇ. ಗಮನ ಎಲ್ಲಿತ್ತು?”

ಅವಳು ನಗುತ್ತ ಅಳುತ್ತ ಒಂದೇ ಹೆಜ್ಜೆಗೆ ಈಚೆ ಬಂದು ಅಪ್ಪನ ಪಕ್ಕ ಕುಳಿತಳು. ಗಾರೆಯವನು ಸದ್ದಾಗದಂತೆ ಬಕೆಟ್ ಎತ್ತಿಕೊಂಡು ಹೊರಟ. “ಭೇಟಿ ಸಮಯ ಆರರವರೆಗೆ ಮಾತ್ರ,” ಎಂದು ಗಟ್ಟಿಯಾಗಿ ಹೇಳಿದ ಮೇಟ್ರನ್, ಗಡಿಯಾರದ ಕಡೆ ನೋಡದೆ ಆಚೆ ನಡೆದರು.

ಅಪ್ಪ ಮಂಚದ ಪಕ್ಕದ ಕಪಾಟಿನಿಂದ, ಮಧ್ಯಾಹ್ನದ ಊಟದಲ್ಲಿ ಅರ್ಧ ತೆಗೆದು ಮುಚ್ಚಿಟ್ಟಿದ್ದ ತಟ್ಟೆಯನ್ನು ಹೊರತೆಗೆದು ಮಗಳ ಕೈಗೆ ಕೊಟ್ಟರು.