ಇಲಿ ಬಿದ್ದ ಮನೆ

"ಈಚೆಗೆ ಬಾರ್ಲೇ, ಬೋಳಿಮಗ್ನೆ. ಇಲಿ ಬಿದ್ದೈತೆ ಅಂದ್ರೆ ಬಿದ್ದೈತೆ."

ಪ್ಲೇಗು ಇನ್ಸ್‌ಪೆಕ್ಟರು ಅಂಜನಪ್ಪನ ಪಕ್ಕೆಗೆ ಬೂಟುಗಾಲಿನಿಂದ ಒದ್ದ. ಅದು ಯುದ್ಧದ ಕಾಲ. ಹೊಸೂರಿನ ಕೆಳಗೇರಿ ಗುಡಿಸಲು ಗುಡಿಸಲಾಗಿ ಬಯಲಾಗುತ್ತಿತ್ತು. ಸತ್ತ ಇಲಿ ಸಿಕ್ಕ ಮನೆ ಹೆಂಚಿನದಾದರೆ ಹೆಂಚು ಇಳಿಸಬೇಕು, ಹುಲ್ಲಿನದಾದರೆ ಸುಡಬೇಕು ಎಂದು ಹುಕುಂ ಆಗಿತ್ತು. ಸುಟ್ಟ ಜಾಗದಲ್ಲಿ ಬೂದಿ ಆರುವ ಮೊದಲೇ ಮಂಡಿ ಸಾಹುಕಾರ ಚೆನ್ನಕೇಶವಯ್ಯನ ಬೇಲಿ ಏಳುತ್ತಿತ್ತು. ಹುಕುಮಿಗೂ ಬೇಲಿಗೂ ಅದೆಲ್ಲಿಯ ನಂಟೋ, ದೇವರಿಗೇ ಗೊತ್ತು.

ಅಂಜನಪ್ಪನ ಹೆಂಡತಿ ದೊಡ್ಡಮುನಿಯಮ್ಮ, ತಮ್ಮ ಗುಡಿಸಲಲ್ಲಿ ಬಿತ್ತೆಂದು ಇನ್ಸ್‌ಪೆಕ್ಟರು ತೋರಿಸಿದ ಇಲಿಯನ್ನು ನೋಡಿದಳು. ತಿಂದು ಕೊಬ್ಬಿದ ಇಲಿ. ಅಂಥವನ್ನೇ ಸಾಹುಕಾರನ ಉಗ್ರಾಣದಿಂದ ದಿನಾ ಬುಟ್ಟಿ ತುಂಬ ಹೊತ್ತು ಊರಾಚೆ ಹೂಳುತ್ತಿದ್ದವಳು ಅವಳೇ. ಬಾಯಿಬಿಟ್ಟರೆ ನಾಲಿಗೆ ಕೀಳಿಸುತ್ತೇನೆಂದು ಸಾಹುಕಾರ ಹೆದರಿಸಿದ್ದ. ಇವತ್ತು ಅವಳ ಹೊಟ್ಟೆಗೆ ಬೆಂಕಿ ಬಿದ್ದಿತ್ತು, ಹೆದರಿಕೆಗೆ ಜಾಗವಿರಲಿಲ್ಲ.

"ನಮ್ಮನೇಲಿ ತಿನ್ನಾಕೇನೈತೆ ಅಂತ ಇಲಿ ಬಂದು ಸಾಯ್ತದೆ, ಸಾಮಿ? ಸಾವ್ಕಾರ್ರ ಉಗ್ರಾಣಕ್ಕೆ ಬನ್ನಿ, ತೋರುಸ್ತೀನಿ."

ಕೆನ್ನೆಗೆ ಏಟು ಬಿದ್ದು ತುಟಿ ಒಡೆಯಿತು. ಕೇರಿಯ ದೀಪಕ್ಕೆ ಸಿಗದ ಸೀಮೆಎಣ್ಣೆ ಸೂರಿನ ಮೇಲೆ ಧಾರಾಳವಾಗಿ ಸುರಿಯಿತು. ಜವಾನ ಕಡ್ಡಿ ಗೀರಿದ.

ಉರಿಯುವ ಗುಡಿಸಲಿನ ಮುಂದೆಯೇ ಕೇರಿ ಕೂಡಿತು. ಹಿರಿಯ ಕೊಂಡಪ್ಪ ಕಲೆಕ್ಟರಿಗೆ ಅರ್ಜಿ ಹಾಕೋಣ ಎಂದ. ಅರ್ಜಿ ಕಲೆಕ್ಟರ ಕಚೇರಿಯಿದ್ದ ಸೇಲಂ ಮುಟ್ಟುವಷ್ಟರಲ್ಲಿ ಕೇರಿಯೇ ಇರುವುದಿಲ್ಲ ಎಂದರು ಹೆಂಗಸರು. ದೊಡ್ಡಮುನಿಯಮ್ಮ ಬಾಯಲ್ಲಿದ್ದ ರಕ್ತ ಉಗಿದಳು.

"ಹುಕುಂ ಎಲ್ರಿಗೂ ಒಂದೇ ತಾನೇ, ಕೊಂಡಪ್ಪಣ್ಣ? ಏಣಿ ತಕ್ಕೊ. ಇಲಿ ಬಿದ್ದಿರೋ ಮನೆ ಹೆಂಚು ಇಳುಸಾನ ನಡಿ."

ಹಾಡಹಗಲಲ್ಲೇ ಕೇರಿಗೆ ಕೇರಿಯೇ ಪೇಟೆ ಬೀದಿಗೆ ನುಗ್ಗಿತು. ಸಾಹುಕಾರನ ಆಳುಗಳು ದೊಣ್ಣೆ ಬೀಸಿದರು. ಅರ್ಜಿ ಎಂದಿದ್ದ ಕೊಂಡಪ್ಪನ ಬುರುಡೆ ಬಿಚ್ಚಿ ಕಣ್ಣಿಗೆ ರಕ್ತ ಇಳಿಯಿತು. ಮುದುಕ ಏಣಿ ಬಿಡಲಿಲ್ಲ. ದೊಡ್ಡಮುನಿಯಮ್ಮ ಅವನ ಹೆಗಲ ಮೇಲೆ ಕಾಲಿಟ್ಟೇ ಉಗ್ರಾಣದ ಸೂರು ಹತ್ತಿದಳು. ಕಲ್ಲೊಂದು ಬಂದು ಮೊಣಕೈಗೆ ಬಡಿಯಿತು. ಅವಳು ಕಿತ್ತೆಸೆದ ಹೆಂಚು ಒಬ್ಬ ಆಳಿನ ಮುಖ ಸೀಳಿತು. ಅವನು ಅಮ್ಮಾ ಎಂದು ಕುಕ್ಕರಿಸಿದಾಗ ಅವಳಿಗೆ ಮರುಕ ಬರಲಿಲ್ಲ.

ಹೆಂಚು ಕಿತ್ತ ತೂತು ದೊಡ್ಡದಾದಂತೆ ಉಗ್ರಾಣಕ್ಕೆ ಬಿಸಿಲು ಇಳಿಯಿತು. ರೇಷನ್ ಅಂಗಡಿಯಲ್ಲಿ ಇಲ್ಲವೇ ಇಲ್ಲ ಎಂದಿದ್ದ ರಾಗಿ ತೊಲೆಮಟ್ಟ ಮೂಟೆಯಾಗಿ ಕೂತಿತ್ತು. ಮೂಟೆಗಳ ಮೇಲೆ ಇಲಿಗಳು ಸತ್ತು ಬಿದ್ದಿದ್ದವು. ಅವಳು ಬೀದಿಗೆ ಕೇಳುವಂತೆ ಅದನ್ನು ಕೂಗಿ ಹೇಳಿದಳು. ಬಾಗಿಲು ಹಾಕಿಕೊಂಡಿದ್ದ ಪೇಟೆಯವರು ಒಬ್ಬೊಬ್ಬರಾಗಿ ಈಚೆ ಬಂದು ನಿಂತರು.

ಅಷ್ಟರಲ್ಲಿ ಪೊಲೀಸರು ಬಂದರು. ಒಬ್ಬ ಬಂದೂಕು ಎತ್ತಿ ಅವಳ ಎದೆಗೆ ಗುರಿ ಹಿಡಿದ. ಚೆನ್ನಕೇಶವಯ್ಯ ಅವನ ಪಕ್ಕದಲ್ಲಿ ನಿಂತು, ಉಗ್ರಾಣಕ್ಕೆ ಅಂಟಿದ್ದ ತನ್ನ ಮನೆಯ ಸೂರನ್ನು ನೋಡುತ್ತ ಕೈ ಜೋಡಿಸಿದ. ಕೇರಿಯವಳಿಗೆ ಅವನು ಕೈ ಮುಗಿದದ್ದು ಅದೇ ಮೊದಲು.

"ಆ ಕಡೆ ಹೋಗ್ಬ್ಯಾಡ, ತಾಯಿ. ಅದು ದೇವರ ಮನೆ, ಮೈಲಿಗೆ ಆಯ್ತದೆ."

ದೊಡ್ಡಮುನಿಯಮ್ಮ ಬಂದೂಕನ್ನು ನೋಡಿದಳು. ಸೆರಗನ್ನು ಸೊಂಟಕ್ಕೆ ಸಿಕ್ಕಿಸಿಕೊಂಡು ಆ ಕಡೆಗೇ ತೆವಳಿದಳು.