ಗೆದ್ದವರ ಪುಸ್ತಕದ ಮೊದಲ ಸಾಲು

ಮಕ್ಕಳ ರಾಷ್ಟ್ರೀಯ ಸ್ಪೆಲ್ಲಿಂಗ್ ಸ್ಪರ್ಧೆಯನ್ನು ಮೊದಲ ವರ್ಷ ಗೆದ್ದವಳು ತಾನೇ ಎಂದು ಟೈಲರಮ್ಮ ಐವತ್ತು ವರ್ಷಗಳಿಂದ ಹೇಳಿಕೊಂಡು ಬಂದಿದ್ದಳು. ಮನೆಯಲ್ಲಿ ಯಾರೂ ನಂಬಿರಲಿಲ್ಲ. "ಅಮ್ಮ ಶುರು ಹಚ್ಕೊಂಡ್ಲು, ರೇಡಿಯೋ ಜೋರು ಮಾಡಿ" ಎಂದು ಮಗ ಕಿಚಾಯಿಸುತ್ತಿದ್ದ. ಸೊಸೆ ನಂಬಿದವಳಂತೆ ತಲೆಯಾಡಿಸಿ, ಆಮೇಲೆ ಅಡುಗೆಮನೆಗೆ ಹೋಗಿ ನಗುತ್ತಿದ್ದಳು.

ಹೀಗಿರುವಾಗ ಒಂದು ಬೆಳಿಗ್ಗೆ ಸ್ಪರ್ಧೆಯ ಕಚೇರಿಯ ಗುಮಾಸ್ತ ಕಂಕುಳಲ್ಲಿ ದಪ್ಪ ಪುಸ್ತಕವೊಂದನ್ನು ಅವುಚಿಕೊಂಡು ಬಂದ. ಸ್ಪರ್ಧೆಯ ಚರಿತ್ರೆ ಅಚ್ಚಾಗಲಿದೆ, ನಾಳೆಯೇ ಪ್ರೆಸ್ಸಿಗೆ ಹೋಗಬೇಕು. ಆದರೆ ಅವನು ತಂದಿದ್ದ ಈ ಗೆದ್ದವರ ಪುಸ್ತಕದಲ್ಲಿ ಮೊದಲ ಸಾಲೇ ಖಾಲಿ.

ಅದಕ್ಕೊಂದು ಕಾರಣವಿತ್ತು. ಫೈನಲ್‌ನಲ್ಲಿ ಸೋತ ಮಗುವೇ ಗೆದ್ದ ಮಗುವಿನ ಹೆಸರನ್ನು ಸ್ವಂತ ಕೈಯಿಂದ ಅಲ್ಲಿ ಬರೆಯಬೇಕು, ಬೇರೆಯವರು ಮುಟ್ಟುವಂತಿಲ್ಲ. ಮೊದಲ ವರ್ಷ ಕೊನೆಗುಳಿದ ಇಬ್ಬರು ಹುಡುಗಿಯರು ಯಾವ ಪದ ಕೊಟ್ಟರೂ ತಪ್ಪಲಿಲ್ಲ. ತೀರ್ಪುಗಾರರ ಪದಗಳ ಪಟ್ಟಿಯೇ ಮುಗಿದುಹೋಯಿತು. "ಇಬ್ಬರೂ ಗೆದ್ದಿರಿ" ಎಂದು ಚಪ್ಪಾಳೆ ತಟ್ಟಿ ಎಲ್ಲರೂ ಮನೆಗೆ ಹೋದರು. ಸೋತವರೇ ಇಲ್ಲದ ಮೇಲೆ ಬರೆಯುವವರು ಯಾರು?

"ಇನ್ನೊಬ್ರನ್ನೂ ಕರ್ಕೊಂಡು ಬಂದಿದೀನಿ" ಎಂದ ಗುಮಾಸ್ತ. "ನಿಮ್ಮಿಬ್ರಲ್ಲಿ ಒಬ್ರು ಸೋತೆ ಅಂತ ಇನ್ನೊಬ್ರ ಹೆಸರು ಬರೆದ್ರೂ ಸಾಕು. ಇಲ್ಲಾಂದ್ರೆ 'ದಾಖಲೆ ಇಲ್ಲ' ಅಂತ ಅಚ್ಚಾಗತ್ತೆ."

ಬಾಗಿಲಲ್ಲಿ ನಿಂತಿದ್ದವಳು ಈಗ ಕನ್ನಡಕದ ಅಂಗಡಿ ನಡೆಸುತ್ತಿದ್ದಳು. ಅವಳ ಮನೆಯವರೂ ಅವಳನ್ನು ನಂಬಿರಲಿಲ್ಲ.

"ಬರಿ" ಎಂದು ಟೈಲರಮ್ಮ ಪೆನ್ನು ತಳ್ಳಿದಳು.

"ನೀನೇ ಬರಿ. ನಾನ್ಯಾಕೆ ಸೋಲ್ಲಿ?"

"ಇನ್ನೂ ಜಂಭ ಇಳಿದಿಲ್ವಲ್ಲೇ ನಿಂಗೆ."

"ನಿಂಗೆ ಇಳಿದಿದ್ಯಾ?"

ಗುಮಾಸ್ತ ಗಡಿಯಾರ ನೋಡಿಕೊಂಡ. ಮಗನಿಗೆ ಮಜಾ ಬಂದು, "ಹಂಗಾದ್ರೆ ಆಟ ಮುಗಿಸಿಬಿಡಿ" ಎಂದ. ಸೊಸೆ ನಿಘಂಟು ತಂದಳು. ಗುಮಾಸ್ತ ಹೊಲಿಗೆ ಯಂತ್ರದ ಸ್ಟೂಲಿನ ಮೇಲೆ ಕೂತು ಪದ ಓದತೊಡಗಿದ. ಇಬ್ಬರೂ ಕೈಯನ್ನು ಬೆನ್ನ ಹಿಂದೆ ಕಟ್ಟಿ, ಶಾಲೆಯ ಮಕ್ಕಳ ಹಾಗೆ ನೆಟ್ಟಗೆ ನಿಂತರು.

ಒಂದು ಗಂಟೆ ಕಳೆಯಿತು. ಅರವತ್ತಮೂರನೆಯ ಪದದಲ್ಲಿ ಕನ್ನಡಕದವಳು ಎಡವಿದಳು. ಬೆರಳು ಒದ್ದೆ ಮಾಡಿಕೊಂಡು ಹಾಳೆ ತಿರುವುತ್ತಿದ್ದ ಗುಮಾಸ್ತ ಗಮನಿಸದೆ "ಸರಿ" ಎಂದುಬಿಟ್ಟ. ಟೈಲರಮ್ಮ ಬಾಯಿ ತೆರೆಯುವ ಮೊದಲೇ ಕನ್ನಡಕದವಳು ಕೈ ಚಾಚಿದಳು.

"ಪುಸ್ತಕ ಕೊಡಿ. ತಪ್ಪಿದೆ ನಾನು."

ಅವಳು ಬಗ್ಗಿ ಪೆನ್ನು ಊರಿದಳು. ಐವತ್ತು ವರ್ಷ ಕಾದದ್ದು ಇನ್ನೇನು ಕೈಗೆ ಬಂತು ಎನ್ನುವಾಗ ಟೈಲರಮ್ಮ ಆ ಸಾಲಿನ ಮೇಲೆ ಅಂಗೈ ಇಟ್ಟಳು.

"ತಡಿ. ಇದು ಆ ವರ್ಷದ ಸಾಲು. ಆವತ್ತು ನೀನೆಲ್ಲಿ ತಪ್ಪಿದ್ದೆ? ಇವತ್ತಿನ ಸೋಲು ಬೇಕಾದ್ರೆ ನನ್ ಗೋಡೆ ಮೇಲೆ ಬರಿ."

"ಮತ್ತೆ ಇಲ್ಲಿ?"

"ನನ್ ಹೆಸರು ನೀನು ಬರಿ, ನಿನ್ನದು ನಾನು."

"ಅಮ್ಮಾ, ಸೋತೋರು ಬರೀಬೇಕು ಅಂತ ನಿಯಮ ಇದೆ" ಎಂದು ಗುಮಾಸ್ತ ಗೊಣಗಿದ.

"ಪಟ್ಟಿ ಖಾಲಿ ಮಾಡ್ಕೊಂಡೋರು ನೀವು. ಆವತ್ತು ಸೋತಿದ್ದು ನಿಮ್ಮ ಕಚೇರಿ. ಸುಮ್ನೆ ಕೂತ್ಕೊಳಿ" ಎಂದಳು ಕನ್ನಡಕದವಳು.

ಒಂದೇ ಸಾಲಿನಲ್ಲಿ ಎರಡು ಹೆಸರು ಇಕ್ಕಟ್ಟಾಗಿ ಕೂತವು. ಶಾಯಿ ಆರುವ ಮೊದಲೇ ಟೈಲರಮ್ಮ ಪುಸ್ತಕವನ್ನು ಮಗನ ಮುಂದೆ ಹಿಡಿದಳು.

"ಓದು. ಜೋರಾಗಿ."

ಅವನು ಓದಿದ.

"ಇನ್ನೊಂದ್ಸಲ."

ಓದಿದ. ಮೂರನೆಯ ಸಲಕ್ಕೆ ಯಾರೂ ಹೇಳಬೇಕಾಗಲಿಲ್ಲ.