ಮಾತಿಲ್ಲದ ಚಿತ್ರಕ್ಕೆ ವ್ಯಾಖ್ಯಾನ

“ಮಾವ, ಸ್ವಲ್ಪ ಮೆಲ್ಲಗೆ! ಇನ್ನೇನು ನನ್ನ ಮೀಟಿಂಗ್ ಶುರುವಾಗುತ್ತೆ,” ಎಂದು ಪದ್ಮಿನಿ ಊಟದ ಮೇಜಿನಿಂದಲೇ ಕೂಗಿದಳು. ಬೆಳಗಿನಿಂದ ಇದೇ ಮಾತು ಹೇಳಿ ಹೇಳಿ ಅವಳ ಗಂಟಲೇ ಎಲ್ಲರಿಗಿಂತ ಜೋರಾಗಿಬಿಟ್ಟಿತ್ತು.

ಸೋಫಾದಲ್ಲಿದ್ದ ಜಯದೇವರು ತಲೆಯಾಡಿಸಿದರು. ಒಪ್ಪಿದೆನೆಂದಲ್ಲ, ಕೇಳಿಸಿತೆಂದಷ್ಟೇ. ಪಕ್ಕದಲ್ಲಿ ಮೊಮ್ಮಗಳು ಇಂಚರಾ ಟಿವಿಯ ರಿಮೋಟ್ ಹಿಡಿದು ಕೂತಿದ್ದಳು. ಲಾಕ್‌ಡೌನಿನಲ್ಲಿ ಶಾಲೆ ಮತ್ತೆ ಮುಚ್ಚಿತ್ತು. ಅಲ್ಲಿ ಮುಚ್ಚಿದ್ದೆಲ್ಲ ನೆದರ್ಲೆಂಡ್ಸಿನ ರೈಸ್‌ವೈಕಿನ ಈ ಪುಟ್ಟ ಮನೆಯೊಳಗೆ ತೆರೆದುಕೊಂಡಿತ್ತು. ಈ ವಾರ ಟೀಚರು ಕೊಟ್ಟ ಕೆಲಸವೆಂದರೆ, ಜಪಾನಿನ ಹಳೆಯ ಮೂಕಿ ಹಾಸ್ಯಚಿತ್ರವೊಂದನ್ನು ಮನೆಯವರ ಜೊತೆ ಕೂತು ನೋಡಿ, ಅದರಲ್ಲಿನ ಮಕ್ಕಳ ಬಗ್ಗೆ ತರಗತಿಗೆ ಹೇಳುವುದು. ಚಿತ್ರದಲ್ಲಿ ಗುಮಾಸ್ತ ಅಪ್ಪ, ಅಮ್ಮ, ಇಬ್ಬರು ತುಂಟ ಗಂಡುಹುಡುಗರು. ತುಟಿಗಳು ಅಲುಗುತ್ತಿದ್ದವು, ದನಿಯಿರಲಿಲ್ಲ. ಆಗಾಗ ಕಪ್ಪು ಫಲಕವೊಂದು ಬಂದು ಡಚ್ಚಿನಲ್ಲಿ ಒಂದೆರಡು ಸಾಲು ತೋರಿಸಿ ಮಾಯವಾಗುತ್ತಿತ್ತು.

ಮೈಸೂರಿನಲ್ಲಿ ಜಯದೇವರು ಆಯುಷ್ಯವೆಲ್ಲ ಗಮಕಿಯ ಪಕ್ಕದಲ್ಲಿ ಕೂತು ವ್ಯಾಖ್ಯಾನ ಹೇಳಿದವರು. ಗಮಕಿ ಪದ್ಯ ಹಾಡಿ ನಿಲ್ಲಿಸಬೇಕು, ಇವರು ಅರ್ಥ ಬಿಡಿಸಬೇಕು. ಮಗನ ಮನೆಗೆಂದು ಕಳೆದ ಫೆಬ್ರವರಿಯಲ್ಲಿ ಬಂದರು; ವಿಮಾನ ನಿಂತಿತು. ವಿಮಾನ ಮತ್ತೆ ಹಾರತೊಡಗಿದಾಗ ಕಳಿಸಲು ಮಗನಿಗೆ ಧೈರ್ಯ ಬರಲಿಲ್ಲ. ಆ ಮಗ, ಪದ್ಮಿನಿಯ ಗಂಡ ಮುರಳೀಧರ, ದಿನಾ ರಾಟರ್‌ಡ್ಯಾಮಿನ ಬಂದರಿಗೆ ಕೆಲಸಕ್ಕೆ ಹೋಗಲೇಬೇಕಿತ್ತು. ತಪ್ಪಿಸಿಕೊಂಡ ಪುಣ್ಯಾತ್ಮ ಎಂದು ಪದ್ಮಿನಿ ಒಳಗೊಳಗೇ ಉರಿಯುತ್ತಿದ್ದಳು.

“ಓದು ಮಗು, ಏನ್ ಬರೆದಿದೆ?”

“ಅಪ್ಪ ಹೇಳ್ತಾರೆ, ‘ಬಾಸ್ ಬರ್ತಿದಾರೆ, ನೀಟಾಗಿ ನಿಂತ್ಕೊಳ್ಳಿ.’”

“ಆಹಾ!” ಜಯದೇವರು ಶಾಲು ಸರಿಮಾಡಿಕೊಂಡರು. “ನೋಡಿ, ತಂದೆಯಾದವನು ಈ ಮಾತನ್ನ ಯಾರಿಗೆ ಹೇಳ್ತಿದಾನೆ? ಮಕ್ಕಳಿಗೋ? ಅಲ್ಲ! ತನಗೇ ಹೇಳ್ಕೋತಿದಾನೆ!”

“ತಾತ, ಸಭೇಲಿ ಹೇಳೋ ಥರ ‘ನೋಡಿ’ ಅನ್ಬೇಡಿ. ಇರೋದು ನಾನೊಬ್ಳು.”

“ನೀನೊಬ್ಳೇ ಸಭೆ. ಮುಂದೆ ಓದು.”

ಮೀಟಿಂಗ್ ಶುರುವಾಯಿತು. ಹೆಡ್‌ಫೋನು ಇಂಚರಾಳ ಆನ್‌ಲೈನ್ ಪಾಠಕ್ಕೆ ಹೋಗಿ ವೈರು ಕಿತ್ತುಕೊಂಡಿತ್ತು. ಲ್ಯಾಪ್‌ಟಾಪಿನ ಸ್ಪೀಕರೇ ಗತಿ. ಪರದೆಯ ನಡುವಿನ ಚೌಕದಲ್ಲಿ ಅವಳ ಬಾಸ್ ರೂಬೆನ್. ಪದ್ಮಿನಿಯ ಒಪ್ಪಂದ ಮುಂದಿನ ತಿಂಗಳಿಗೆ ಮುಗಿಯುವುದಿತ್ತು. ಖಾಯಂ ಮಾಡುವುದೋ ಬಿಡುವುದೋ ಅವನ ಕೈಲಿತ್ತು. ಅವಳು ತಿದ್ದಿ ತೀಡಿದ ಡಚ್ಚಿನಲ್ಲಿ ತನ್ನ ಯೋಜನೆಯನ್ನು ವಿವರಿಸತೊಡಗಿದಳು.

ಆಗಲೇ ಸೋಫಾದ ಕಡೆಯಿಂದ ದನಿ ಏರಿತು. ಚಿತ್ರದ ಅಪ್ಪ ತನ್ನ ಬಾಸಿನ ಮುಂದೆ ಕಣ್ಣು ತಿರುಗಿಸಿ, ಮೂತಿ ತಿರುಚಿ ಕೋಡಂಗಿಯಾಟ ಆಡುತ್ತಿದ್ದ. ಇದಕ್ಕೆ ಬರೀ ಅರ್ಥ ಸಾಲದೆಂದು ಜಯದೇವರು ಎಲ್ಲಿಯದೋ ಷಟ್ಪದಿಯೊಂದರ ಧಾಟಿ ಹಿಡಿದು ರಾಗವನ್ನೇ ಎಳೆದಿದ್ದರು.

ರೂಬೆನ್ ಆಲಿಸುವವನಂತೆ ಕಿವಿಗೆ ಕೈ ಆನಿಸಿದ. “ಪದ್ಮಿನಿ, ನಿಮ್ಮ ಮನೇಲಿ ಮೇಕೆ ಸಾಕಿದ್ದೀರಾ?” ಎಂದು ಡಚ್ಚಿನಲ್ಲಿ ಕೇಳಿದ. ಆಮೇಲೆ ಕಣ್ಣುಮುಚ್ಚಿ, ಗದ್ದವೆತ್ತಿ, ಕುತ್ತಿಗೆ ಅಲ್ಲಾಡಿಸುತ್ತ “ಆಆಆ” ಎಂದು ಎಳೆದ.

ಚೌಕಗಳೆಲ್ಲ ನಕ್ಕವು. ಪದ್ಮಿನಿಯೂ ನಕ್ಕಳು. ಉಳಿದವರು ನಿಲ್ಲಿಸಿದ ಮೇಲೂ ಅವಳದು ಒಂದಿಷ್ಟು ಮುಂದುವರಿಯಿತು. ಟಿವಿಯಲ್ಲಿ ಕೋಡಂಗಿ ಅಪ್ಪ ಹಲ್ಲುಬಿಟ್ಟು, ಸದ್ದಿಲ್ಲದೆ ನಗುತ್ತಿದ್ದ. ಅವಳ ನಗು ನೆಟ್ಟಗೆ ಹೋಗಿ ಅವನ ಬಾಯಲ್ಲಿ ಕೂತುಕೊಂಡಿತು. ಇಂಚರಾ ಚಿತ್ರ ನಿಲ್ಲಿಸಿ ಅಮ್ಮನ ಕಡೆ ತಿರುಗಿದಳು.

ಮೀಟಿಂಗ್ ಮುಗಿಯುವವರೆಗೂ ಅವಳು ಹಾಗೇ ನೋಡುತ್ತಿದ್ದಳು.

“ಏನಮ್ಮ, ಅಷ್ಟೊಂದು ನಗು?” ರಾಗದಲ್ಲಿ ಮುಳುಗಿದ್ದ, ಡಚ್ಚು ಬಾರದ ಜಯದೇವರಿಗೆ ನಗುವಷ್ಟೇ ಕೇಳಿಸಿತ್ತು; ಮುಖ ಅರಳಿತ್ತು. “ಕೆಲಸ ಖಾಯಂ ಆಯ್ತಾ?”

“ಇಲ್ಲ ಮಾವ. ಏನೋ ಆಫೀಸ್ ಜೋಕು.”

“ಆಫೀಸ್ ಜೋಕ್ ಅಲ್ಲ,” ಎಂದಳು ಇಂಚರಾ.

“ಇಂಚರಾ!”

“ನೀನ್ ಹೇಳ್ತೀಯಾ, ನಾನ್ ಹೇಳ್ಲಾ?”

ಪದ್ಮಿನಿ ಲ್ಯಾಪ್‌ಟಾಪನ್ನು ಹಿಂದಕ್ಕೆ ತಳ್ಳಿದಳು. “ಸಾಕಾಗಿದೆ ನಂಗೆ! ಒಬ್ರು ಬಾಯಿ ಮುಚ್ಚಲ್ಲ, ಇನ್ನೊಬ್ಳು ನನ್ನೇ ವಿಚಾರಣೆ ಮಾಡ್ತಾಳೆ. ನಾನಿಲ್ಲಿ ಇರ್ಬೇಕೋ ಬೇಡ್ವೋ ಅಂತ ಹೇಳೋನು ಆ ಮನುಷ್ಯ. ಅವ್ನು ನಗು ಅಂದ್ರೆ ನಗ್ಬೇಕು ಕಣೇ!”

“ಅವ್ನು ನಗು ಅಂತ ಹೇಳ್ಲೇ ಇಲ್ಲ ಅಮ್ಮ.”

ಪದ್ಮಿನಿ ಮಾವನ ಕಡೆ ನೋಡದೆ, “ನಿಮ್ಮ ದನೀನ ಅಣಕಿಸಿದ್ರು ಮಾವ. ಮೇಕೆ ಅಂದ್ರು. ನಾನೂ ನಕ್ಕೆ,” ಎಂದಳು.

ಅಡಿಗೆಮನೆಯಲ್ಲಿ ಫ್ರಿಜ್ಜು ಗುಂಯ್‌ಗುಡುತ್ತಿತ್ತು. ಜಯದೇವರು ಅವಳತ್ತ ತಿರುಗಿ, “ಹೇಗೆ ಅಣಕಿಸಿದ?” ಎಂದರು.

“ಅಯ್ಯೋ, ಬಿಡಿ ಮಾವ.”

“ಇಲ್ಲಮ್ಮ, ಮಾಡಿ ತೋರಿಸು. ನಮ್ಮೂರಲ್ಲೂ ಹುಡುಗರು ಅಣಕಿಸ್ತಿದ್ರು. ಇವನದು ಕೇಳೋಣ.”

ತಮಾಷೆಗೆ ಹೇಳುತ್ತಿದ್ದಾರೋ ಏನೋ ಅವಳಿಗೆ ತಿಳಿಯಲಿಲ್ಲ. ಮುಖದಲ್ಲಿ ನಗುವೂ ಇರಲಿಲ್ಲ, ಸಿಟ್ಟೂ ಇರಲಿಲ್ಲ. ಅವಳು ಗದ್ದವೆತ್ತಿದಳು. “ಆ...” ಎಂದು ಎಳೆಯಹೋದಳು, ದನಿ ನಡುವೆಯೇ ಸೀಳಿತು. ಪದ್ಯಕ್ಕೆ ಕಿವಿಗೊಡುವವರಂತೆ ತಲೆ ವಾಲಿಸಿ ಅವರು ಪೂರ್ತಿ ಕೇಳಿದರು.

“ಹೂಂ,” ಎಂದರು. ಹೆಗಲ ಶಾಲು ತೆಗೆದು, ಮಡಿಸಿ ತೊಡೆಯ ಮೇಲಿಟ್ಟುಕೊಂಡರು. “ಚಿತ್ರ ಹಾಕು ಮಗು.”

ಚಿತ್ರ ಮುಂದುವರಿಯಿತು. ಬಾಸಿನ ಮುಂದೆ ಕೋಡಂಗಿಯಾದ ಅಪ್ಪನ ಮೇಲೆ ಮುನಿಸಿಕೊಂಡ ಹುಡುಗರಿಬ್ಬರು ತಟ್ಟೆಗೆ ಬೆನ್ನು ಹಾಕಿ ಕೂತರು. ಫಲಕ ಬಂತು. ಇಂಚರಾ ಕೈಕಟ್ಟಿ ಕೂತಿದ್ದಳು, ಓದಲಿಲ್ಲ. ಓದು ಎಂದು ತಾತನೂ ಹೇಳಲಿಲ್ಲ. ಫಲಕ ಹೋಯಿತು. ಇನ್ನೊಂದು ಬಂತು, ಅದೂ ಹೋಯಿತು.

ಪದ್ಮಿನಿ ಎದ್ದುಬಂದು ಸೋಫಾದ ತುದಿಯಲ್ಲಿ ಕೂತಳು. ಮಗಳ ಕೈಯಿಂದ ರಿಮೋಟ್ ತೆಗೆದುಕೊಂಡು ಚಿತ್ರವನ್ನು ಕೊಂಚ ಹಿಂದಕ್ಕೆ ಓಡಿಸಿದಳು.

“ತಾಯಿ ಹೇಳ್ತಾಳೆ,” ಎಂದು ಓದಿದಳು. “‘ಅನ್ನ ಆರಿಹೋಗ್ತಿದೆ, ಬನ್ನಿ.’”

ಫಲಕ ಸರಿದು ತಾಯಿಯ ಮುಖ ಬಂದೊಡನೆ ಚಿತ್ರ ನಿಲ್ಲಿಸಿ, ಮಾವ ಅರ್ಥ ಬಿಡಿಸಲೆಂದು ಕಾದಳು. ಜಯದೇವರು ಮಡಿಸಿದ ಶಾಲಿನ ಅಂಚನ್ನು ಬೆರಳಲ್ಲಿ ಸವರುತ್ತಿದ್ದರು. ಮೇಜಿನ ಮೇಲೆ ಲ್ಯಾಪ್‌ಟಾಪು ಆಫೀಸಿನ ಕರೆಗೆ ಟಿಣಿಟಿಣಿ ಎನ್ನತೊಡಗಿತು. ಇಂಚರಾ ಅದರತ್ತ ನೋಡಿದಳು, ಅಮ್ಮನತ್ತ ನೋಡಿದಳು.

“‘ಅನ್ನ ಆರಿಹೋಗ್ತಿದೆ,’” ಪದ್ಮಿನಿ ಇನ್ನೊಮ್ಮೆ, ಈಗ ನಿಧಾನವಾಗಿ ಹೇಳಿದಳು. “‘ಬನ್ನಿ.’”

ಪರದೆಯ ಮೇಲೆ ಬಟ್ಟಲು ಚಾಚಿದ ತಾಯಿಯ ಕೈ ಹಾಗೇ ನಿಂತಿತ್ತು.